ಧಾರವಾಡಕ್ಕೆ ಹೋದ ಕೌಲು

ಅಂಕಲಗಿಯ ಸಿದ್ರಾಯನಿಗೆ ಒಂದು ಚಟವಿತ್ತು. ಕುಡಿತವಲ್ಲ, ಇಸ್ಪೀಟೂ ಅಲ್ಲ. ಅವೇ ಆಗಿದ್ದರೆ ಊರವರು ಹೇಗೋ ಸಹಿಸಿಕೊಳ್ಳುತ್ತಿದ್ದರು. ಅವನದು ಕೇಳುವ ಚಟ. ಕಬ್ಬಿಗೆ ಇವತ್ತು ನೀರು ಬಿಡಲೋ ನಾಳೆ ಬಿಡಲೋ, ಕುರಿಗಳನ್ನು ಗೋಕಾಕದ ಸಂತೆಗೆ ಹೊಡೆಯಲೋ ಹುಕ್ಕೇರಿಯ ಸಂತೆಗೆ ಹೊಡೆಯಲೋ, ಅಂಗಿ ನೀಲಿ ತರಲೋ ಹಸಿರು ತರಲೋ, ಎಲ್ಲದಕ್ಕೂ ಅವನಿಗೆ ಇನ್ನೊಬ್ಬರ ಬಾಯಿ ಬೇಕು. ಕ್ಷೌರಕ್ಕೆ ಕೂತರೆ ಕೂದಲು ಎಷ್ಟು ಬಿಡಬೇಕೆಂದು ಸರದಿಗೆ ಕಾಯುವವರನ್ನೆಲ್ಲ ಕೇಳುತ್ತಿದ್ದ. ಹತ್ತು ಜನ ಹತ್ತು ಮಾತು ಹೇಳುತ್ತಿದ್ದರು. ಹೀಗಾಗಿ ಅವನ ತಲೆ ಯಾವಾಗಲೂ ಕುರಿ ಅರ್ಧ ಮೇಯ್ದು ಬಿಟ್ಟ ಹೊಲದ ಹಾಗೆ ಕಾಣುತ್ತಿತ್ತು.

ನಲವತ್ತರ ಹೊಸ್ತಿಲಿಗೆ ಬಂದರೂ ಲಗ್ನವಾಗಿರಲಿಲ್ಲ. ಈಗಿನ ಕಾಲದಲ್ಲಿ ಕುರಿ ಕಾಯುವವನಿಗೆ ಯಾರು ಹೆಣ್ಣು ಕೊಡುತ್ತಾರೆ ಎಂದು ಅವನು ಗೊಣಗುತ್ತಿದ್ದ. ಖರೆ ಸಂಗತಿ ಬೇರೆ. ಹೆಣ್ಣು ನೋಡಿ ಬಂದ ಪ್ರತಿ ಸಲವೂ ಅವನು ಇಡೀ ಊರನ್ನು ಕೇಳುತ್ತಿದ್ದ. ಊರು ಒಂದು ಮಾತಿಗೆ ಬರುವಷ್ಟರಲ್ಲಿ ಆ ಹುಡುಗಿ ಬೇರೆಯವನ ಮನೆಯಲ್ಲಿ ತೊಟ್ಟಿಲು ತೂಗುತ್ತಿರುತ್ತಿದ್ದಳು. ಅಪ್ಪ ಅವ್ವ ತೀರಿಹೋಗಿದ್ದರು. ಮನೆಗೆ ಹಿರಿಯನೆಂದರೆ ಖಂಡೆಪ್ಪ ಕಾಕಾ ಒಬ್ಬನೇ. ಅವನು ಬೀರಪ್ಪ ದೇವರ ಪೂಜಾರಿಯೂ ಆಗಿದ್ದರಿಂದ ಕೇಳಿದ್ದಕ್ಕೂ ಕೇಳದ್ದಕ್ಕೂ ಉತ್ತರ ಇಟ್ಟುಕೊಂಡೇ ಇರುತ್ತಿದ್ದ.

ಇಂಥ ಸಿದ್ರಾಯ ಈ ವರ್ಷ ಕುಲಗೋಡಕ್ಕೆ ರಾಜೇಶ್ವರಿಯನ್ನು ನೋಡಲು ಹೋದ. ಜಂಪರ್ ಹೊಲಿದು ಮನೆ ನಡೆಸುವ ಹೆಣ್ಣುಮಗಳು, ವಯಸ್ಸು ಮೂವತ್ತು ದಾಟಿತ್ತು, ಯಾರಿಗೂ ತಲೆ ಬಾಗಿಸುವವಳಲ್ಲ. ಚಹಾದ ಬಸಿ ಅವನ ಮುಂದಿಟ್ಟು, "ಸಕ್ರಿ ಸಾಕೇನ್ರಿ?" ಎಂದು ಕೇಳಿದಳು. ಸಿದ್ರಾಯ ರೂಢಿಯಂತೆ ಬಾಜೂಕ್ಕೆ ಕೂತಿದ್ದ ಖಂಡೆಪ್ಪನ ಮುಖ ನೋಡಿದ. "ಸಾಕಂತ ಹೇಳೋ" ಎಂದ ಖಂಡೆಪ್ಪ. "ಸಾಕಂತ್ರಿ" ಎಂದ ಸಿದ್ರಾಯ. ರಾಜೇಶ್ವರಿಗೆ ನಗು ತಡೆಯಲಾಗಲಿಲ್ಲ. ಸೆರಗು ಬಾಯಿಗೆ ಒತ್ತಿಕೊಂಡು ಒಳಗೆ ಓಡಿದಳು. ಒಳಗಿನಿಂದಲೂ ನಗು ಕೇಳುತ್ತಲೇ ಇತ್ತು.

ಆ ನಗು ಸಿದ್ರಾಯನ ಎದೆಯೊಳಗೆ ಕೂತುಬಿಟ್ಟಿತು. ಬೇರೆ ಯಾರಾದರೂ ಆಗಿದ್ದರೆ ಅವಮಾನವಾಯಿತೆಂದು ಎದ್ದು ಬರುತ್ತಿದ್ದರು. ಅವನಿಗೆ ಮಾತ್ರ ಇನ್ನೊಮ್ಮೆ ಕೇಳಬೇಕು ಅನಿಸಿತು, ದಿನಾಲೂ ಕೇಳಬೇಕು ಅನಿಸಿತು. ಆಕೆ ಬೇಕು ಅನಿಸಿಬಿಟ್ಟಿತು. ಜೀವಮಾನದಲ್ಲಿ ಮೊದಲ ಸಲ ಒಂದು ವಿಷಯದಲ್ಲಿ ಅವನಿಗೆ ಯಾರನ್ನೂ ಕೇಳುವ ಜರೂರಿ ಬೀಳಲಿಲ್ಲ. ಆದರೆ ಅದನ್ನು ಯಾರಿಗೂ ಹೇಳಲೂ ಇಲ್ಲ. ರಾಜೇಶ್ವರಿಗಂತೂ ಮೊದಲೇ ಇಲ್ಲ.

ಅವನು ಸುಮ್ಮನಿದ್ದರೆ ಲೋಕ ಸುಮ್ಮನಿರುತ್ತದೆಯೇ? ರಾಜೇಶ್ವರಿಯ ಅವ್ವ ಗುಡ್ಡವ್ವ ಒಂದು ಷರತ್ತು ಹಾಕಿದಳು. ಹಿರಿಯ ಮಗಳ ಲಗ್ನವನ್ನು ದೇವರ ಕೌಲು ಕೇಳದೆ ಅವಸರದಲ್ಲಿ ಮಾಡಿದ್ದಳಂತೆ. ಆ ಅಳಿಯ ಕುಡಿದು ಕುಡಿದು ಹೆಂಡತಿಯ ಮೈಮೇಲಿನ ಬಂಗಾರವನ್ನೆಲ್ಲ ಕರಗಿಸಿದ್ದ. "ಒಮ್ಮಿ ಸುಟ್ಟೈತಿ. ಸಣ್ಣಾಕಿದ ನಾ ಬೀರಪ್ಪನ್ನ ಕೇಳದ ಮಾಡೂದಿಲ್ರಿ" ಎಂದಳು. ಹಿಟ್ಟು ಹಳಸಿತ್ತು, ನಾಯಿ ಹಸಿದಿತ್ತು. ಖಂಡೆಪ್ಪನಿಗೆ ಇದಕ್ಕಿಂತ ಇನ್ನೇನು ಬೇಕಿತ್ತು? ಬೀರಪ್ಪನ ಬನಕ್ಕೆ ಬರ್ರಿ ಎಂದು ಅಲ್ಲೇ ದಿನ ಗೊತ್ತು ಮಾಡಿದ.

ಗೋಕಾಕ ಫಾಲ್ಸ್ ದಾಟಿ ಹುಕ್ಕೇರಿ ಕಡೆಗೆ ಮುಖ ಮಾಡಿದರೆ ಕಾಣುವ ಗುಡ್ಡಗಳಲ್ಲಿ ಏನಿದೆ? ಕಲ್ಲು, ಕಳ್ಳಿ, ಅವುಗಳ ನಡುವೆ ಕುರಿ. ಆದರೆ ಒಂದು ಕೊಳ್ಳದ ನೆತ್ತಿಯಲ್ಲಿ ಮಾತ್ರ ಹಳೆಯ ಕಾಡಿನ ಒಂದು ತುಂಡು ಉಳಿದುಕೊಂಡಿದೆ. ಅದೇ ಬೀರಪ್ಪನ ಬನ. ಒಳಗೆ ಕೊಡಲಿ ಒಯ್ಯುವಂತಿಲ್ಲ, ಹೊರಗೆ ಒಂದು ಒಣ ಎಲೆಯನ್ನೂ ತರುವಂತಿಲ್ಲ. ನಾಲ್ಕು ಜನ ಕೈ ಹಿಡಿದರೂ ತಬ್ಬಲಾಗದ ಬಸರಿ, ನೇರಳೆ, ಮತ್ತಿ ಮರಗಳು ಅಲ್ಲಿವೆ. ಬಿದ್ದ ಎಲೆ ಬಿದ್ದಲ್ಲೇ ಕೊಳೆತು ನೆಲ ಹಾಸಿಗೆಯ ಹಾಗೆ ಮೆತ್ತಗಾಗಿದೆ. ಸುತ್ತಲ ಗುಡ್ಡ ಬೋಳಾದರೂ ಬನ ಉಳಿದದ್ದು ಭಕ್ತಿಯಿಂದ ಎಂದು ಖಂಡೆಪ್ಪ ಹೇಳುತ್ತಾನೆ. ಭಕ್ತಿಗಿಂತ ಬೀರಪ್ಪನ ಸಿಟ್ಟಿನ ಅಂಜಿಕೆಯೇ ಹೆಚ್ಚು ಕೆಲಸ ಮಾಡಿದೆ ಎಂದು ಉಳಿದವರು ಹೇಳುತ್ತಾರೆ.

ಆ ಕೊಳೆತ ಎಲೆಗಳ ಅಡಿಯಲ್ಲಿ ಒಂದು ಬಸವನಹುಳು ವಾಸ ಮಾಡುತ್ತದೆ. ಕಬ್ಬಿನ ಗದ್ದೆಯಲ್ಲಿ ಸಿಗುವ ಮಾಮೂಲಿ ಹುಳುವಲ್ಲ. ಲಿಂಬೆಹಣ್ಣಿನಷ್ಟು ದಪ್ಪ, ಜೇನಿನ ಬಣ್ಣದ ಚಿಪ್ಪು, ಚಿಪ್ಪಿನ ಸುತ್ತ ಒಂದು ಬಿಳಿ ಗೆರೆ. ಮಳೆ ಬಿದ್ದಾಗ ಮಾತ್ರ ಹೊರಗೆ ಬರುತ್ತದೆ. ಉಳಿದ ತಿಂಗಳೆಲ್ಲ ಚಿಪ್ಪಿನ ಬಾಯಿಗೆ ಬಿಳಿ ಮುಚ್ಚಳ ಹಾಕಿಕೊಂಡು, ಸರಕಾರಿ ಆಫೀಸಿನ ಕಿಟಕಿಯಂತೆ, ಮುಚ್ಚಿಕೊಂಡಿರುತ್ತದೆ. ಅದನ್ನು ಬೀರಪ್ಪನ ಬಸವ ಎನ್ನುತ್ತಾರೆ. ಶಿವನಿಗೆ ನಂದಿ ಸಿಕ್ಕಿತು, ಗಣಪನಿಗೆ ಇಲಿಯಾದರೂ ಸಿಕ್ಕಿತು. ವಾಹನ ಹಂಚುವ ದಿನ ಬೀರಪ್ಪ ಕುರಿ ಮೇಯಿಸಲು ಹೋಗಿದ್ದನೋ ಏನೋ, ಉಳಿದದ್ದು ಇದೊಂದೇ.

ಬೇರೆ ಗುಡಿಗಳಲ್ಲಿ ದೇವರ ತಲೆಯ ಮೇಲೆ ಹೂವಿಟ್ಟು, ಅದು ಬಲಕ್ಕೆ ಬೀಳುತ್ತದೋ ಎಡಕ್ಕೋ ಎಂದು ಕೌಲು ನೋಡುತ್ತಾರೆ. ಕೌಲು ಅಂದರೆ ದೇವರ ಅಪ್ಪಣೆ. ಈ ಬನದ ರೀತಿಯೇ ಬೇರೆ. ದೇವರ ಕಲ್ಲಿನ ಮುಂದೆ ಒಂದು ಚಪ್ಪಟೆ ಬಂಡೆಯಿದೆ. ಅದನ್ನು ತೊಳೆದು ಬಲಕ್ಕೊಂದು ವೀಳ್ಯದೆಲೆ, ಎಡಕ್ಕೊಂದು ವೀಳ್ಯದೆಲೆ ಇಟ್ಟು, ನಡುವೆ ಬಸವನನ್ನು ಕೂಡಿಸುತ್ತಾರೆ. ಬಲದ ಎಲೆಗೆ ಬಾಯಿ ಹಾಕಿದರೆ ಹೂಂ. ಎಡದ್ದಕ್ಕೆ ಹಾಕಿದರೆ ಊಹೂಂ. ಬಸವನಿಗೆ ಅವಸರವಿಲ್ಲ. ಮುಂಜಾನೆ ಕೇಳಿದರೆ ಮಧ್ಯಾಹ್ನಕ್ಕೆ ಉತ್ತರ. ಬಾವಿ ತೋಡಲೋ ಬೇಡವೋ ಎಂದು ಕೇಳಲು ಬಂದ ಒಬ್ಬ, ಬಸವ ಕೊಂಬು ಹೊರಹಾಕುವಷ್ಟರಲ್ಲಿ ಮನಸ್ಸು ಬದಲಿಸಿ ಎಮ್ಮೆ ಕೊಂಡನಂತೆ. ಒಂದು ಮಾತಿಗೆ ಒಂದೇ ಬಸವ ಎಂಬುದು ಕಟ್ಟುನಿಟ್ಟಿನ ನೇಮ. ಒಂದನ್ನು ಕೂಡಿಸಿ ಕೇಳಿದ ಮೇಲೆ ಇನ್ನೊಂದನ್ನು ತರುವಂತಿಲ್ಲ. ಪಂಚರು ಕೂತ ಮೇಲೆ ಪಂಚರನ್ನು ಬದಲಿಸಿದ ಹಾಗಾಗುತ್ತದೆ.

ಆಷಾಢದ ಜಿಟಿಜಿಟಿ ಮಳೆಯಲ್ಲಿ ಖಂಡೆಪ್ಪ, ಗುಡ್ಡವ್ವ, ಸಿದ್ರಾಯ ಮೂವರೂ ಬನಕ್ಕೆ ಬಂದರು. ರಾಜೇಶ್ವರಿ ಬರಲಿಲ್ಲ. "ಹುಳಾ ಹೇಳಿದ್ದ ಮನಿಗೆ ಬಂದ ಹೇಳ್ರಿ, ನನಗ ಹೊಲಿಯೂದೈತಿ" ಎಂದಳಂತೆ. ಈಚೀಚೆಗೆ ಬಸವ ಬಲು ಕಡಿಮೆಯಾಗಿವೆ. ಎಲೆ ಸರಿಸಿ ಸರಿಸಿ ಹುಡುಕುವಷ್ಟರಲ್ಲಿ ಹೊತ್ತು ಏರಿತ್ತು. ಕೊನೆಗೆ ನೇರಳೆ ಮರದ ಬೊಡ್ಡೆಯಲ್ಲಿ ಒಂದು ಸಿಕ್ಕಿತು. ಖಂಡೆಪ್ಪ ಅದಕ್ಕೆ ಭಂಡಾರದ ಅರಿಸಿನ ಸೋಕಿಸಿ ಬಂಡೆಯ ನಡುವೆ ಇಟ್ಟ. ಗುಡ್ಡವ್ವ ಸೆರಗೊಡ್ಡಿ, "ಈ ಸಂಬಂಧ ಚಲೋ ಏನಪಾ ಬೀರಪ್ಪಾ, ಹೇಳು" ಎಂದಳು. ಸಿದ್ರಾಯ ಕೈಮುಗಿದು ನಿಂತ. ಹೂಂ ಅನ್ನಲಿ, ಹೂಂ ಅನ್ನಲಿ ಎಂದು ಒಳಗೇ ಗೋಗರೆಯುತ್ತಿದ್ದ.

ಬಸವ ಹೊರಗೇ ಬರಲಿಲ್ಲ. ಅದರ ದಾರಿ ಕಾಯುವಷ್ಟರಲ್ಲಿ ಖಂಡೆಪ್ಪನ ಹೊಟ್ಟೆ ಮಾತಾಡತೊಡಗಿತು. ಬನದಲ್ಲಿ ಉಣ್ಣುವಂತಿಲ್ಲ. ಗುಡ್ಡವ್ವ ರೊಟ್ಟಿ, ಝುಣಕ, ಶೇಂಗಾ ಹಿಂಡಿ ಕಟ್ಟಿಕೊಂಡು ಬಂದಿದ್ದಳು. ಮೂವರೂ ಕೆಳಗಿನ ಝರಿಯ ಹತ್ತಿರ ಇಳಿದು ಉಂಡರು. ಉಂಡ ಮೇಲೆ ಖಂಡೆಪ್ಪ ಕಂಬಳಿ ಹೊದ್ದು ಒಂದು ಸಣ್ಣ ನಿದ್ದೆ ತೆಗೆದ. ದೊಡ್ಡವರನ್ನು ಎಬ್ಬಿಸಬೇಕೋ ಬೇಡವೋ ಎಂದು ಸಿದ್ರಾಯ ಗುಡ್ಡವ್ವನನ್ನು ಕೇಳಿದ. ನಿಮ್ಮ ಕಾಕಾ, ನೀವ ನೋಡ್ರಿ ಎಂದಳು ಅವಳು. ಅವನಿಗೆ ನೋಡುವುದಾಗಲಿಲ್ಲ.

ತಿರುಗಿ ಬಂದು ನೋಡಿದರೆ ಬಂಡೆಯ ಮೇಲೆ ಎರಡು ಎಲೆ ಇವೆ, ಬಸವ ಇಲ್ಲ! ಅದು ನಡೆದ ಅಂಟುಗೆರೆ ಮಾತ್ರ ಹೊಳೆಯುತ್ತಿತ್ತು. ನಡುವಿನಿಂದ ಹೊರಟ ಗೆರೆ ಬಲಕ್ಕೆ ಹೊರಳಿ, ಬಲದ ಎಲೆಗೆ ಇನ್ನು ಸ್ವಲ್ಪವೇ ಇದೆ ಎನ್ನುವಾಗ ನಿಂತುಹೋಗಿತ್ತು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ.

"ಬಲಕ್ಕ ಹೊಂಟಿತ್ತಲ್ಲ ಕಾಕಾ!" ಎಂದ ಸಿದ್ರಾಯ.

"ಹೊಂಟಿದ್ದ ಲೆಕ್ಕಕ್ಕಿಲ್ಲೋ. ಎಲಿಗೆ ಬಾಯಿ ಹಾಕಬೇಕು" ಎಂದ ಖಂಡೆಪ್ಪ. ಅವನಿಗೂ ಗಾಬರಿಯಾಗಿತ್ತು. ಅದನ್ನು ಮುಚ್ಚಿಕೊಳ್ಳಲು ದನಿ ಏರಿಸಿದ. "ಬೀರಪ್ಪ ತನ್ನ ಬಸವನ್ನ ತಾನ ಕರಕೊಂಡಾನ. ಇದು ದೊಡ್ಡ ಸೂಚನಾ."

"ಎದರ ಸೂಚನಾರಿ?" ಎಂದಳು ಗುಡ್ಡವ್ವ.

ಅದು ಖಂಡೆಪ್ಪನಿಗೆ ಹೊಳೆಯಲಿಲ್ಲ. ಕೌಲು ಮುಗಿಯುವ ತನಕ ಮಾತುಕತೆ ಮುಂದುವರಿಯುವುದಿಲ್ಲ ಎಂದಷ್ಟೇ ಹೇಳಿದ.

ಸೂಚನೆಯ ಅರ್ಥ ಬಿಡಿಸಿದವನು ಶಹಬಾಜ. ಸಿದ್ರಾಯನ ಸಾಲಿಯ ದೋಸ್ತ, ಅಂಕಲಗಿಗೂ ಗೋಕಾಕಕ್ಕೂ ಟಂಟಂ ಗಾಡಿ ಓಡಿಸುತ್ತಾನೆ. ಅವರನ್ನು ಕರೆದೊಯ್ಯಲು ಗುಡ್ಡದ ಬುಡಕ್ಕೆ ಬಂದಿದ್ದವನು ಕತೆ ಕೇಳಿ ತೊಡೆ ತಟ್ಟಿಕೊಂಡು ನಕ್ಕ. "ಬೀರಪ್ಪ ಎಲ್ಲಿ ಕರಕೊಂಡಾನ್ರಿ ಕಾಕಾ? ಚಶ್ಮಾ ಹಾಕ್ಕೊಂಡ ಒಬ್ಬ ಸರ ಒಯ್ದಾನ. ಈಗ ನಾನ ಗೋಕಾಕ ಸ್ಟ್ಯಾಂಡಿಗೆ ಬಿಟ್ಟ ಬಂದೆ. ಪ್ಲಾಸ್ಟಿಕ್ ಡಬ್ಬಿ ಎದಿಗೆ ಅಪ್ಪಿಕೊಂಡ ಕುಂತಿದ್ದ, ಬಾಳಂತಿ ಕೂಸಿನ್ನ ಹಿಡಕೊಂಡಂಗ. ಒಳಗ ಏನೈತ್ರಿ ಅಂದ್ರ, ಹುಳಾ ಅಂದ. ಮಹೇಶ ಅಂತ ಹೆಸರಂತ. ಧಾರವಾಡದಾಗ ಕಾಲೇಜಿನ್ಯಾಗ ಕಲಿಸ್ತಾನಂತ. ನಂಬರ ಐತಿ ನನ್ನ ಕಡೆ."

ಹೀಗೆ ಬೀರಪ್ಪನ ಕೌಲು, ಅರ್ಧ ಹೇಳಿದ ಮಾತನ್ನು ಬಾಯಲ್ಲಿಟ್ಟುಕೊಂಡೇ, ಬಸ್ಸು ಹತ್ತಿ ಧಾರವಾಡಕ್ಕೆ ಹೋಗಿತ್ತು.

ಮೊದಲ ಮೂರು ದಿನ ಸಿದ್ರಾಯ ಹೋಗಲೋ ಬೇಡವೋ ಎಂದು ಊರನ್ನು ಕೇಳಿದ. ಪೊಲೀಸರಿಗೆ ಹೇಳು ಎಂದರು ಕೆಲವರು. ಹೇಳಿದರೆ ಹುಳು ಕಳೆದಿದೆ ಎಂದು ಬರೆದುಕೊಳ್ಳುತ್ತಾರೋ ದೇವರು ಕಳೆದಿದ್ದಾನೆ ಎಂದು ಬರೆದುಕೊಳ್ಳುತ್ತಾರೋ ಎಂಬ ಪ್ರಶ್ನೆ ಎದ್ದಿತು. ನಾಲ್ಕನೆಯ ದಿನ ಗುಡ್ಡವ್ವ ಹೇಳಿ ಕಳಿಸಿದಳು. ರಾಜೇಶ್ವರಿಯನ್ನು ನೋಡಲು ಮೂಡಲಗಿಯಿಂದ ಇನ್ನೊಂದು ಗಂಡಿನ ಕಡೆಯವರು ಬರುವವರಿದ್ದಾರೆ, ಬರುವ ಸೋಮವಾರದೊಳಗೆ ಕೌಲು ತೀರದಿದ್ದರೆ ಇದು ಮುಗಿದಂತೆ ಎಂದು. ಆ ನಗುವನ್ನು ಮೂಡಲಗಿಯ ಯಾವನೋ ದಿನಾಲೂ ಕೇಳುತ್ತಾನೆ ಎಂದು ನೆನೆದರೆ ಸಿದ್ರಾಯನಿಗೆ ಕೂತಲ್ಲಿ ಕೂರಲಾಗಲಿಲ್ಲ. ಮರುದಿನ ಶಹಬಾಜನನ್ನು ಎಳೆದುಕೊಂಡು ಧಾರವಾಡದ ಬಸ್ಸು ಹತ್ತಿದ.

ಮಹೇಶ ಸರ್ ಕೆಟ್ಟವನೇನಲ್ಲ. ಬಸವನಹುಳು ಬಿಟ್ಟರೆ ಲೋಕದಲ್ಲಿ ಇನ್ನೊಂದು ಇದೆ ಎಂಬುದು ಅವನಿಗೆ ಗೊತ್ತಿರಲಿಲ್ಲ, ಅಷ್ಟೇ. ಸಿದ್ರಾಯನ ಬಸವ ಅವನ ಕೋಣೆಯಲ್ಲಿ ಗಾಜಿನ ಪೆಟ್ಟಿಗೆಯೊಳಗೆ, ಒದ್ದೆ ಎಲೆಗಳ ಮೇಲೆ, ಸುತ್ತ ಸೌತೆಕಾಯಿಯ ಹೋಳುಗಳ ನಡುವೆ ಜಹಗೀರದಾರನಂತೆ ಕೂತಿತ್ತು. ಬಾಜೂದ ಕಪಾಟಿನಲ್ಲಿ ಸೀಸೆಗಳ ಸಾಲು. ಒಂದೊಂದರಲ್ಲೂ ಸ್ಪಿರಿಟ್ಟಿನೊಳಗೆ ಮುಳುಗಿದ ಒಂದೊಂದು ಹುಳು. ಒಂದು ಸೀಸೆ ಮಾತ್ರ ಖಾಲಿ ಇತ್ತು. ಅದನ್ನು ನೋಡಿ ಸಿದ್ರಾಯ ಪೆಟ್ಟಿಗೆಯ ಹತ್ತಿರಕ್ಕೆ ಸರಿದು ನಿಂತ.

"ಎರಡು ಮಳಿಗಾಲ ಆತು ಇದನ್ನ ಹುಡುಕ್ಲಿಕ್ಕತ್ತು" ಎಂದ ಮಹೇಶ. ಅವನ ಕಣ್ಣು ಹೊಳೆಯುತ್ತಿದ್ದವು. "ಹಳೇ ಕಾಡು ಬೇಕು ಇದಕ್ಕ. ನೂರಾರು ವರ್ಷ ಯಾರೂ ಎಲಿ ಸೈತ ಎತ್ತಿರಬಾರದು. ಅಂಥಾ ಜಾಗಾ ಈ ಕಡೆ ಎಲ್ಲೆ ಉಳದಾವ ಹೇಳ್ರಿ? ನಿಮ್ಮ ಬನದಾಗ ಕೈಕಾಲು ಮುರಕೊಂಡು ಹುಡುಕಿ ಸುಸ್ತಾಗಿ ಇಳೀಲಿಕ್ಕತ್ತಿದ್ದೆ. ನೋಡಿದ್ರ ಬಂಡೆ ಮ್ಯಾಲ ನನಗಂತನ ತೊಳದು ಇಟ್ಟಾಂಗ ಕೂತದ! ಬಾಜೂಕ ಎರಡು ವೀಳ್ಯದೆಲಿ ಬ್ಯಾರೆ."

"ನಿಮಗಂತ ಅಲ್ರಿ ಇಟ್ಟಿದ್ದು. ನನ್ನ ಲಗ್ನಕ್ಕಂತ ಇಟ್ಟಿದ್ದು" ಎಂದ ಸಿದ್ರಾಯ. ಎಲ್ಲ ಕತೆ ಹೇಳಿದ. ಹೇಳಿ ಮುಗಿಸಿ, ಪೆಟ್ಟಿಗೆಯನ್ನೇ ದಿಟ್ಟಿಸುತ್ತ ಕೇಳಿದ, "ಸರ, ಇಲ್ಲಿ ಬಂದ ಮ್ಯಾಲ ಅದು ಯಾವ ಕಡಿಗಾದ್ರೂ ಹೊರಳೇತೇನ್ರಿ?"

"ಸೌತಿಕಾಯಿ ಕಡೆ ಹೊರಳೇದ."

"ಸೌತಿಕಾಯಿ ಬಲಕ್ಕ ಇತ್ತೋ, ಎಡಕ್ಕ ಇತ್ತೋ?"

ಮಹೇಶ ಮಾತು ಬದಲಿಸಲು, ಈ ಹುಳುಗಳಲ್ಲಿ ಗಂಡು ಹೆಣ್ಣು ಎಂಬ ಭೇದವಿಲ್ಲ, ಒಂದೇ ಹುಳು ಗಂಡೂ ಹೌದು ಹೆಣ್ಣೂ ಹೌದು ಎಂದು ಪಾಠ ಶುರು ಮಾಡಿದ. "ಹಂಗಾದ್ರ ಇದಕ್ಕ ಬೀಗರ ಕಾಟ ಇಲ್ಲ" ಎಂದ ಶಹಬಾಜ. "ಲಗ್ನ ಅಂದ್ರ ಏನಂತ ಗೊತ್ತ ಇಲ್ಲದವರನ್ನ ಹಿಡದು ಲಗ್ನದ ಮಾತ ಕೇಳ್ತೀರಲ್ಲೋ ಸಿದ್ದ್ಯಾ!"

ಹುಳು ಕೊಡುವುದಕ್ಕೆ ಮಹೇಶ ಮೊದಲು ಸುತಾರಾಂ ಒಪ್ಪಲಿಲ್ಲ. ಸಿದ್ರಾಯ ವಾದ ಮಾಡಲು ಬಲ್ಲವನಲ್ಲ. ಪೆಟ್ಟಿಗೆಯ ಮುಂದೆ ನೆಲದ ಮೇಲೆ ಕೂತುಬಿಟ್ಟ. ಸಂಜೆಯಾದರೂ ಏಳಲಿಲ್ಲ. ಮಹೇಶ ಅವನನ್ನೂ ಖಾಲಿ ಸೀಸೆಯನ್ನೂ ಬಹಳ ಹೊತ್ತು ನೋಡಿದ. ತನಗೂ ಲಗ್ನವಾಗಿಲ್ಲ ಎಂದು ಕೊನೆಗೆ ಬಾಯಿಬಿಟ್ಟ. ಏನು ಕೆಲಸ ಎಂದು ಕೇಳಿದ ಹೆಣ್ಣಿನವರು ಬಸವನಹುಳು ಎಂದ ಕೂಡಲೇ ಚಹಾ ಕೊಡದೆ ಎದ್ದು ಹೋಗುತ್ತಿದ್ದರಂತೆ. "ಈ ಹುಳದಿಂದ ಒಬ್ಬಂದಾದ್ರೂ ಲಗ್ನ ಆಗ್ಲಿ. ಆದ್ರ ನಾನೂ ಬರ್ತೀನಿ. ಅಲ್ಲೇ ಫೋಟೋ ತಗೋತೀನಿ, ಅಲ್ಲೇ ಬಿಡ್ತೀನಿ" ಎಂದ. ಸಿದ್ರಾಯ ಅವನ ಕಾಲು ಮುಟ್ಟಲು ಬಾಗಿದ. ಮಹೇಶ ಹೌಹಾರಿ ಸೀಸೆಗಳ ಕಪಾಟಿಗೆ ಬೆನ್ನು ಹತ್ತಿಸಿ ನಿಂತ.

ಸೋಮವಾರ ನಸುಕಿನ ಬಸ್ಸಿಗೆ ಮೂವರೂ ಹೊರಟರು. ಪೆಟ್ಟಿಗೆ ಸಿದ್ರಾಯನ ತೊಡೆಯ ಮೇಲೆ. ಒಳಗೇನಿದೆ ಎಂದು ಕಂಡಕ್ಟರ್ ಕೇಳಿದ. ದೇವರು ಎಂದ ಸಿದ್ರಾಯ. ಕಂಡಕ್ಟರ್ ಬಗ್ಗಿ ನೋಡಿ ಮುಂದಿನ ಸೀಟಿಗೆ ಹೋದ.

ಗೋಕಾಕದಲ್ಲಿ ಇಳಿದಾಗ ಸ್ಟ್ಯಾಂಡಿನ ಎದುರು ಒಬ್ಬ ಹೆಣ್ಣುಮಗಳು ಬುಟ್ಟಿಯಲ್ಲಿ ಸೌತೆಕಾಯಿ ಇಟ್ಟುಕೊಂಡು ಕೂತಿದ್ದಳು. ಶಹಬಾಜ ಟಂಟಂ ತರಲು ಹೋಗಿದ್ದ, ಮಹೇಶ ಕ್ಯಾಮೆರಾ ಒರೆಸುತ್ತಿದ್ದ. ಸಿದ್ರಾಯ ಆ ಬುಟ್ಟಿಯನ್ನು ನೋಡಿದ. ಪೆಟ್ಟಿಗೆಯನ್ನು ನೋಡಿದ. ಹೋಗಿ ಒಂದು ಸೌತೆಕಾಯಿ ಕೊಂಡ. "ಹೋಳ ಮಾಡಿ ಉಪ್ಪು ಖಾರ ಹಚ್ಚಲೇನ್ರಿ?" ಎಂದಳು ಅವಳು. "ಬ್ಯಾಡ್ರಿ!" ಎಂದ ಸಿದ್ರಾಯ. ಅಷ್ಟು ಗಟ್ಟಿಯಾಗಿ, ಅಷ್ಟು ಬೇಗ ಅವನು ಯಾವ ಪ್ರಶ್ನೆಗೂ ಉತ್ತರ ಕೊಟ್ಟವನಲ್ಲ. ಸೌತೆಕಾಯಿಯನ್ನು ಅಂಗಿಯೊಳಗೆ ಸಿಕ್ಕಿಸಿಕೊಂಡ.

ಬನದಲ್ಲಿ ಖಂಡೆಪ್ಪ ಬಂಡೆ ತೊಳೆದಿಟ್ಟು ಕಾಯುತ್ತಿದ್ದ. ಗುಡ್ಡವ್ವ ಬಂದಿದ್ದಳು. ಅವಳ ಹಿಂದೆ ರಾಜೇಶ್ವರಿಯೂ ಇದ್ದಳು. ತನ್ನ ಹಣೆಬರಹ ಬರೆಯುವ ಹುಳುವಿನ ಮುಖವನ್ನಾದರೂ ನೋಡೋಣ ಎಂದು ಬಂದೆ ಎಂದಳು. ಸಿದ್ರಾಯ ಅವಳನ್ನು ನೋಡಿದವನೇ ಕಣ್ಣು ಕೆಳಗೆ ಹಾಕಿದ. ಅವಳು ನಗಲಿಲ್ಲ. ಅದರಿಂದ ಅವನಿಗೆ ಬಹಳ ನೋವಾಯಿತು.

ಎಲೆ ಇಡುವ ಕೆಲಸ ಗಂಡಿನ ಮನೆಯವರದು. ಸಿದ್ರಾಯ ಎಲ್ಲರಿಗೂ ಬೆನ್ನು ಮಾಡಿ ಬಾಗಿದ. ಅಂಗಿಯೊಳಗಿನ ಸೌತೆಕಾಯಿಯನ್ನು ಚಿವುಟಿ, ಬೆರಳಿಗೆ ಹತ್ತಿದ ನೀರನ್ನು ಬಲದ ಎಲೆಗೆ ಸವರಿದ. ಎದುರಿಗೇ ಬೀರಪ್ಪನ ಕಲ್ಲು. ಹುಟ್ಟಿದಾಗಿನಿಂದ ಅಂಜಿ ನಡೆದ ದೇವರು. ತಪ್ಪಾತಪಾ, ಕಣ್ಣ ಮುಚ್ಚಿಕೋ ಎಂದು ಮನಸ್ಸಿನಲ್ಲೇ ಹೇಳಿ ಇನ್ನೊಂದು ಸಲ ಸವರಿದ.

ಮಹೇಶ ಬಸವನನ್ನು ನಡುವೆ ಇಟ್ಟ. ಸೋನೆ ಮಳೆ ಹಿಡಿದಿತ್ತು. ತವರಿನ ವಾಸನೆ ಬಡಿಯಿತೋ ಏನೋ, ಬಸವ ಈ ಸಲ ತಡ ಮಾಡಲಿಲ್ಲ. ಮೈ ಹೊರಚಾಚಿತು. ಕೊಂಬು ನಿಗುರಿಸಿತು. ಬಲಕ್ಕೆ ಹೊರಳಿತು. ಹೋಯಿತು, ಹೋಯಿತು, ಎಲೆಯ ಅಂಚಿಗೆ ಮೂತಿ ತಾಗಿಸಿತು. ಗುಡ್ಡವ್ವ ಕೈ ಎತ್ತಿ ಮುಗಿದಳು.

ಅಷ್ಟರಲ್ಲಿ ಬಸವ, ಕೆಟ್ಟ ಸುದ್ದಿ ಕೇಳಿದವರ ಹಾಗೆ, ತಲೆ ಹಿಂದಕ್ಕೆ ಎಳೆದುಕೊಂಡಿತು. ಇನ್ನೊಮ್ಮೆ ಮೂಸಿತು. ಆಮೇಲೆ ಇಡೀ ಮೈಯನ್ನು ಹೊರಳಿಸಿ, ಬಂದ ದಾರಿಯಲ್ಲೇ ತಿರುಗಿ, ನಡುಬಂಡೆ ದಾಟಿ ಎಡಕ್ಕೆ ನಡೆಯಿತು. ಎಲ್ಲರೂ ನೋಡುತ್ತಿದ್ದಂತೆ ಎಡದ ಎಲೆಗೆ ಬಾಯಿ ಹಾಕಿತು. ಬರೀ ಬಾಯಿ ಹಾಕಲಿಲ್ಲ, ಉಪವಾಸ ಬಿದ್ದವರ ಹಾಗೆ ಕರಕರ ತಿನ್ನತೊಡಗಿತು.

"ಊಹೂಂ ಅಂತು" ಎಂದ ಖಂಡೆಪ್ಪ. ಅವನ ದನಿಯೂ ಸಣ್ಣದಾಗಿತ್ತು. "ದ್ಯಾವರ ಮಾತಾತು. ಇನ್ನ ನಾವ ನೀವ ಮಾಡೂದೇನೂ ಇಲ್ರಿ ಗುಡ್ಡವ್ವಾರ."

ಗುಡ್ಡವ್ವ ಕಣ್ಣೊರೆಸಿಕೊಂಡು ಬುತ್ತಿಯ ಗಂಟು ಎತ್ತಿಕೊಂಡಳು. ರಾಜೇಶ್ವರಿ ಮಾತ್ರ ಬಂಡೆಯ ಹತ್ತಿರ ಹೋಗಿ, ಬಲದ ಎಲೆಯನ್ನು ಎತ್ತಿ ಮೂಗಿಗೆ ಹಿಡಿದಳು.

"ಇದು ಸೌತಿಕಾಯಿ ವಾಸನಿ ಯಾಕ ಹೊಡ್ಯಾಕತ್ತೈತಿ?"

"ಸೌತಿಕಾಯಿ?" ಮಹೇಶ ಹಣೆ ಚಚ್ಚಿಕೊಂಡ.

"ಅಯ್ಯ! ತಂದಾಗಿನಿಂದ ಬರೇ ಸೌತಿಕಾಯಿನ ಹಾಕೀನ್ರಿ ಅದಕ್ಕ. ನಾನ ಇದ್ರೂ ಓಡಿಹೋಗ್ತಿದ್ದೆ!" ಎಂದ ಮಹೇಶ.

ಶಹಬಾಜ ಸಿದ್ರಾಯನನ್ನು ನೋಡಿದ. ಖಂಡೆಪ್ಪ ಶಹಬಾಜನನ್ನು ನೋಡಿದ. ಸಿದ್ರಾಯ ಅಂಗಿಯೊಳಗಿಂದ ಸೌತೆಕಾಯಿ ತೆಗೆದು ಎಲ್ಲರಿಗೂ ಕಾಣುವಂತೆ ಹಿಡಿದ. "ನಾನ ಹಚ್ಚಿದ್ನಿರಿ" ಎಂದ.

"ಹಲ್ಕಟ್ ನನ್ನ ಮಗನ! ದ್ಯಾವರಿಗೆ ಲಂಚಾ ಕೊಡ್ತೀಯೇನೋ?" ಎಂದು ಖಂಡೆಪ್ಪ ಬೆತ್ತ ಎತ್ತಿದ.

"ನಿಂದರ್ರಿ ಕಾಕಾ" ಎಂದು ರಾಜೇಶ್ವರಿ ನಡುವೆ ಬಂದಳು. ಸಿದ್ರಾಯನತ್ತ ತಿರುಗಿ, "ಯಾರ ಹೇಳಿಕೊಟ್ರು ನಿಮಗ ಇದನ್ನ?" ಎಂದು ಕೇಳಿದಳು.

"ಯಾರೂ ಇಲ್ರಿ."

"ಶಹಬಾಜಣ್ಣ?"

"ಅಲ್ಲಾನ ಆಣಿ, ನನಗ ಗೊತ್ತ ಇಲ್ಲ ತಂಗಿ" ಎಂದ ಶಹಬಾಜ.

"ಹಂಗಾರ ಯಾರನ್ನೂ ಕೇಳದ ಮಾಡೀರಿ?"

"ಹೌದ್ರಿ" ಎಂದ ಸಿದ್ರಾಯ. ಹೇಳಿದ ಮೇಲೆ ಅವನಿಗೇ ಆಶ್ಚರ್ಯವಾಯಿತು.

ರಾಜೇಶ್ವರಿ ಅವನನ್ನು ಅಡಿಯಿಂದ ಮುಡಿಯವರೆಗೆ ಹೊಸದಾಗಿ ನೋಡಿದಳು. ಆಮೇಲೆ ಅವಳಿಗೆ ಸಿಟ್ಟು ಬಂತು. ಬಹಳ ದಿನದಿಂದ ಕೂಡಿಟ್ಟ ಸಿಟ್ಟು. "ಹುಳಾ ತರಾಕ ಧಾರವಾಡ ತನಕ ಹ್ವಾದ್ರಿ. ಕುಲಗೋಡ ತನಕ ನನ್ನ ಒಂದ ಮಾತ ಕೇಳಾಕ ಬರಲಿಲ್ಲ. ಬಸ್ಸ ಇರಲಿಲ್ಲೇನು?"

"ಅಂಜಿಕಿ ಆಗಿತ್ರಿ" ಎಂದ ಸಿದ್ರಾಯ. "ನೀವ ಬ್ಯಾಡ ಅಂದಬಿಟ್ರ?"

"ಈಗ ಹುಳಾ ಬ್ಯಾಡ ಅಂತು. ಸತ್ರೇನು?"

"ಇಲ್ರಿ."

"ಮತ್ತ ಕೇಳ್ರಿ."

ಸಿದ್ರಾಯ ಖಂಡೆಪ್ಪನನ್ನು ನೋಡಲಿಲ್ಲ. ಶಹಬಾಜನನ್ನು ನೋಡಲಿಲ್ಲ. ಬೀರಪ್ಪನ ಕಲ್ಲನ್ನೂ ನೋಡಲಿಲ್ಲ. "ನನಗ ನೀವ ಬೇಕ್ರಿ" ಎಂದ. "ಬರ್ತೀರೇನು?"

"ಹೂಂ" ಎಂದಳು ರಾಜೇಶ್ವರಿ.

ಆ ಬನದಲ್ಲಿ ಇಷ್ಟು ಬೇಗ ಯಾರಿಗೂ ಕೌಲು ಸಿಕ್ಕಿರಲಿಲ್ಲ. ಗುಡ್ಡವ್ವ ಮಾತ್ರ ಬಾಯಿ ಬಾಯಿ ಬಡಿದುಕೊಂಡಳು. "ಯವ್ವಾ, ದ್ಯಾವರು ಬ್ಯಾಡಂದದ್ದನ್ನ ಮಾಡ್ತೀಯಾ? ನಿಮ್ಮಕ್ಕನ ಗತಿ ನೋಡಿಲ್ಲೇನು? ಕೇಳದ ಮಾಡಿದ್ದಕ್ಕ ಹಂಗಾತು."

"ಹೌದವ್ವ, ಕೇಳದ ಮಾಡಿದ್ರಿ" ಎಂದಳು ರಾಜೇಶ್ವರಿ. ಅವಳ ದನಿ ಮೆತ್ತಗಾಯಿತು. "ಹುಳನ್ನೂ ಕೇಳಲಿಲ್ಲ, ಅಕ್ಕನ್ನೂ ಕೇಳಲಿಲ್ಲ. ಆವತ್ತ ಅಕ್ಕನ್ನ ಕೇಳಿದ್ರ ಆಕಿ ಏನಂತಿದ್ಲು, ನಿನಗ ಗೊತ್ತೈತಿ."

ಗುಡ್ಡವ್ವನಿಗೆ ಗೊತ್ತಿತ್ತು. ಲಗ್ನದ ಹಿಂದಿನ ದಿನವೆಲ್ಲ ಹಿರಿಯ ಮಗಳು ಕಟ್ಟಿಗೆಯ ಕೋಣೆಯಲ್ಲಿ ಕೂತು ಅತ್ತಿದ್ದಳು. ಬೀಗರು ಬಂದ ಗಡಿಬಿಡಿಯಲ್ಲಿ ಯಾಕೆ ಎಂದು ಕೇಳಲು ಯಾರಿಗೂ ಪುರಸೊತ್ತಾಗಿರಲಿಲ್ಲ. ಅವಳು ಬಂಡೆಯ ಅಂಚಿನಲ್ಲಿ ಕುಸಿದು ಕೂತಳು. ಆಮೇಲೆ ಎದ್ದು ಬುತ್ತಿಯ ಗಂಟನ್ನು ಸಿದ್ರಾಯನ ಕೈಗೆ ಕೊಟ್ಟು, "ಹೊತ್ಕೊಂಡ ನಡೀರಿ ಅಳಿಯಂದ್ರ, ಕೆಳಗ ಹೋಗಿ ಉಣ್ಣೂಣು" ಎಂದಳು.

"ಅಲ್ರಿ, ದ್ಯಾವರ ಮಾತ ಮೀರಿದ್ದಕ್ಕ ದಂಡ ಆಗಬೇಕಲ್ಲ!" ಎಂದು ಕೂಗಿದ ಖಂಡೆಪ್ಪ.

"ಎಷ್ಟ ದಂಡ ಕಾಕಾ? ಕೊಡ್ತೇನಿ" ಎಂದ ಸಿದ್ರಾಯ.

ಖಂಡೆಪ್ಪನ ಅಜ್ಜನ ಕಾಲದಿಂದಲೂ ಯಾರೂ ಮೀರಿದವರಿರಲಿಲ್ಲ. ಮೀರಿದರೆ ದಂಡ ಒಂದು ಕುರಿಯೋ, ಎರಡೋ, ಬರೀ ಕಂಬಳಿಯೋ, ಯಾರೂ ಹೇಳಿ ಹೋಗಿರಲಿಲ್ಲ. ಪೂಜಾರಿಯಾದವನು ಗೊತ್ತಿಲ್ಲ ಎನ್ನುವ ಹಾಗಿಲ್ಲ. ಅವನು ಗಂಭೀರವಾಗಿ ಗಂಟಲು ಸರಿಮಾಡಿಕೊಂಡು, ಸಂಚಿಯಿಂದ ಹೊಸ ಎಲೆ ಎರಡು ತೆಗೆದ. ಬಲಕ್ಕೆ ಒಂದು ಕುರಿ, ಎಡಕ್ಕೆ ಎರಡು ಕುರಿ ಎಂದು ಹೇಳಿ ಬಂಡೆಯ ಮೇಲೆ ಇಟ್ಟ. ಮಹೇಶ ಖುಷಿಯಿಂದ ಕ್ಯಾಮೆರಾ ಹಿಡಿದು ಅವನ ಬಾಜೂಕ್ಕೆ ಕುಕ್ಕರಗಾಲಲ್ಲಿ ಕೂತ.

ಉಳಿದವರು ಗುಡ್ಡ ಇಳಿದರು. ಕೆಳಗೆ ಝರಿಯ ಹತ್ತಿರ ರಾಜೇಶ್ವರಿ ಯಾವುದಕ್ಕೋ ಗಟ್ಟಿಯಾಗಿ ನಕ್ಕದ್ದು ಬನದ ತನಕ ಕೇಳಿಸಿತು. ಹೊಟ್ಟೆ ತುಂಬಿದ ಬಸವ ಕೊಂಬು ಒಳಗೆಳೆದುಕೊಂಡು ಚಿಪ್ಪಿನೊಳಗೆ ಸೇರಿತು. ಖಂಡೆಪ್ಪ ಕತ್ತಲಾಗುವ ತನಕ ಕಾದ, ಮರುದಿನವೂ ಬಂದು ಕಾದ. ದಂಡ ಎಷ್ಟೆಂದು ಅದು ಇನ್ನೂ ಹೇಳಿಲ್ಲ. ಲಗ್ನ ಶ್ರಾವಣದಲ್ಲಿ ಆಗಿಹೋಯಿತು.